ಬಾವಿಯ ಗೆರೆಮೀನು

ನನ್ನ ಅಮ್ಮನಿಗೆ ಮೀನಿಲ್ಲದ ಬಾವಿಯ ನೀರೆಂದರೆ ಆಗದು. ಪುಂಜಾಲಕಟ್ಟೆಯ ಅಂಗಡಿಯಿಂದ ನಾನು ತಂದ ಫಿಲ್ಟರ್ ಇಂದಿಗೂ ಪೆಟ್ಟಿಗೆಯಲ್ಲೇ ಇದೆ. "ಮೀನಿಗೆ ಆಗುವ ನೀರು ನಮಗೂ ಆಗ್ತದೆ" ಎಂಬುದು ಅವಳ ವಿಜ್ಞಾನ. ಮೀನೆಂದರೆ ಮನೆ ಹಿಂದೆ ಹರಿಯುವ ಸಣ್ಣ ತೋಡಿನದು: ಕಿರುಬೆರಳಿನಷ್ಟು ಉದ್ದ, ಪಕ್ಕೆಯಲ್ಲಿ ಬಾಲದವರೆಗೆ ಒಂದು ಕಪ್ಪು ಗೆರೆ. ನಮ್ಮ ಮನೆಯಲ್ಲಿ ಅದನ್ನು ಗೆರೆಮೀನು ಎಂದೇ ಕರೆಯುತ್ತೇವೆ.

ಬೇಸಗೆಯಲ್ಲಿ ಬಾವಿಯ ಕೆಸರು ತೆಗೆಸಿದಾಗಲೆಲ್ಲ ಹಳೆಯ ಮೀನುಗಳನ್ನು ತೋಡಿನ ಗುಂಡಿಗೆ ಬಿಟ್ಟು, ಬಾವಿ ತಿಳಿಯಾದ ಮೇಲೆ ಅಲ್ಲಿಂದಲೇ ಹೊಸ ಮೀನು ತರುವುದು ಅಮ್ಮನ ಕ್ರಮ. "ವರ್ಷ ಇಡೀ ಕತ್ತಲೆಯಲ್ಲಿದ್ದವು. ಇನ್ನು ಸ್ವಲ್ಪ ಬಿಸಿಲು ಕಾಣಲಿ" ಎನ್ನುತ್ತಾಳೆ. ಈ ವರ್ಷವೂ ಬಿಟ್ಟೆವು. ಅಮ್ಮ ಹಾಕಿದ ಅನ್ನದಗುಳು ತಿಂದು ಕೊಬ್ಬಿದ, ಬಾಲ ಹರಿದ ಒಂದು ಮೀನು ಮಾತ್ರ ಬಕೆಟ್ಟಿನಿಂದ ಇಳಿಯಲು ಒಪ್ಪದೆ ಸತಾಯಿಸಿತು.

ಮರುದಿನ ಬೆಳಿಗ್ಗೆ ಬಲೆಯ ಬದಲಿಗೆ ಮೈ ಒರೆಸುವ ಹಳೆಯ ಬೈರಾಸು ಹಿಡಿದು ಹೊಸ ಮೀನಿಗೆಂದು ಹೊರಟೆ. ತೋಡಿಗೆ ಇಳಿಯುವ ಮೊದಲೇ ಆಸ್ಪತ್ರೆಯ ಪಾಯಿಖಾನೆಯ ವಾಸನೆ ಮೂಗಿಗೆ ಬಡಿಯಿತು. ಬ್ಲೀಚಿಂಗ್ ಪೌಡರ್! ಗುಂಡಿಯ ತುಂಬ ಗೆರೆಮೀನುಗಳು ಹೊಟ್ಟೆ ಮೇಲೆ ಮಾಡಿ ತೇಲುತ್ತಿದ್ದವು. ಕಣ್ಣಿಗೆ ಕಂಡೂ ಕಾಣದಂಥ ಮರಿಗಳು, ಏಡಿಗಳು ಕೂಡ. ದಂಡೆಯ ಬೇರಿಗೆ ತಾಗಿಕೊಂಡು ಬಾಲ ಹರಿದದ್ದೂ ಇತ್ತು. ನಿನ್ನೆ ಸಂಜೆಯಷ್ಟೇ ನಾವು ತಂದು ಬಿಟ್ಟದ್ದು. ಕೆಳಗಿನ ಗುಂಡಿಗಳಲ್ಲೂ ಹುಡುಕಿದೆ. ಜೀವ ಇದ್ದದ್ದು ಒಂದೂ ಸಿಗಲಿಲ್ಲ. ಯಾರನ್ನೆಂದು ತಿಳಿಯದೆ ಬಾಯಿಗೆ ಬಂದಂತೆ ಬೈದೆ.

ಯಾರೆಂದು ತಿಳಿಯಲು ಹೆಚ್ಚು ಹೊತ್ತು ಬೇಕಾಗಲಿಲ್ಲ. ಬಾಲ ಹರಿದ ಮೀನನ್ನು ಕೈಯಲ್ಲಿ ಹಿಡಿದು ಮನೆಗೆ ಬಂದರೆ, ಪಕ್ಕದ ಮನೆಯ ಯಜಮಾನರು ನಮ್ಮ ಜಗಲಿಯಲ್ಲಿ ನಗುತ್ತ ನಿಂತಿದ್ದರು. ಅಮ್ಮನ ಮುಂದೆ ಚಾಚಿದ ಪ್ಲಾಸ್ಟಿಕ್ ತೊಟ್ಟೆಯ ತುಂಬ ಮುಗುಡು ಮೀನು.

"ಅಕ್ಕಾ, ಮೇಲಿನ ಗುಂಡಿಗೆ ಸ್ವಲ್ಪ ಪೌಡರ್ ಹಾಕಿದ್ದೆ. ಒಳ್ಳೆ ಸಿಕ್ಕಿತು. ನೀವೂ ಸಾರು ಮಾಡಿ."

ಇವರ ಬಾವಿ ಬೇಸಗೆಯಲ್ಲಿ ಬತ್ತುತ್ತದೆ. ಮಳೆ ಬರುವವರೆಗೆ ಕುಡಿಯುವ ನೀರು ನಮ್ಮ ಬಾವಿಯದೇ. ಸೇದುವ ಮೊದಲು ಬಗ್ಗಿ, "ಎಲ್ಲರೂ ಇದ್ದಾರೆ" ಎಂದು ಮೀನುಗಳ ಹಾಜರಿ ತೆಗೆಯುವುದು ಅವರ ತಮಾಷೆ. ಕೆಟ್ಟವರಲ್ಲ. ಅದಕ್ಕೇ ಬೈಯಲಿಲ್ಲ. ಸತ್ತ ಮೀನನ್ನು ಅವರ ಮುಂದೆ ಹಿಡಿದೆ.

"ಅದು ಸಣ್ಣದಲ್ವ ಮಾರಾಯ್ರೆ, ತಿನ್ಲಿಕ್ಕೆ ಆಗುವ ಮೀನಲ್ಲ" ಎಂದರು.

ಅಮ್ಮ ಅವರ ತೊಟ್ಟೆಯನ್ನು ಮುಟ್ಟಲಿಲ್ಲ.

ಅವತ್ತು ಸಂಜೆ ಅವರು ಎಂದಿನಂತೆ ಕೊಡಪಾನ ಹಿಡಿದು ನೀರಿಗೆ ಬಂದರು. ಅಭ್ಯಾಸದಂತೆ ಬಾವಿಗೆ ಬಗ್ಗಿದರು. ಒಂದು ಗೆರೆಮೀನೂ ಕಾಣಲಿಲ್ಲ. ಹಗ್ಗ ಕೈಯಲ್ಲೇ ಉಳಿಯಿತು.

"ಅಕ್ಕಾ, ಈ ನೀರು ಕುಡಿಯಬಹುದಲ್ಲ?"

ಅಮ್ಮ ಅಂಗಳ ಗುಡಿಸುವುದನ್ನು ನಿಲ್ಲಿಸಿದಳು. "ನಿನ್ನೆಯಾದ್ರೆ ಮೀನು ಹೇಳ್ತಿತ್ತು. ಇವತ್ತು ನನಗೂ ಗೊತ್ತಿಲ್ಲ ಮಾರಾಯ."