ರಫ್ ಪುಸ್ತಕ, ಫೇರ್ ಪುಸ್ತಕ

ಇಪ್ಪತ್ತಾರು ವರ್ಷದಿಂದ ನಾನು ಮಕ್ಕಳ ಪುಸ್ತಕ ತಿದ್ದುತ್ತಿದ್ದೇನೆ. ಅಂಗಿ ಜೇಬಿನಲ್ಲಿ ಕೆಂಪು ಪೆನ್ನು ಇಲ್ಲದ ದಿನವೇ ನನಗೆ ನೆನಪಿಲ್ಲ. ಯಾರಾದರೂ ಮದುವೆಯ ಕರೆಯೋಲೆ ಕೊಟ್ಟರೆ ಮೊದಲು ಅದರಲ್ಲಿನ ತಪ್ಪು ಹುಡುಕುತ್ತೇನೆ, ಮುಹೂರ್ತ ಆಮೇಲೆ. ಈ ಚಾಳಿಯನ್ನು ಊರವರು ಆಡಿಕೊಂಡು ನಗುತ್ತಿದ್ದರು, ನಾನೂ ನಗುತ್ತಿದ್ದೆ. ಅದೇ ಚಾಳಿಯಿಂದ ನನ್ನ ಹೆಂಡತಿಯ ಪ್ರಾಣಕ್ಕೆ ಕುತ್ತು ತಂದೆ. ಇದನ್ನು ಇದುವರೆಗೆ ಯಾರೂ ನನ್ನ ಮುಖಕ್ಕೆ ಹೊಡೆದಂತೆ ಹೇಳಿಲ್ಲ. ಹಾಗಾಗಿ ನಾನೇ ಹೇಳಿಕೊಳ್ಳಬೇಕಾಗಿದೆ.

ನಮ್ಮದು ಜಂಗಮಕೋಟೆ ಕಡೆಯ ಹಳ್ಳಿ. ನಾನು ಶಿಡ್ಲಘಟ್ಟದ ಒಂದು ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಹೇಳಿಕೊಡುತ್ತೇನೆ. ಮನೆಯಲ್ಲಿ ಅಮ್ಮ, ಹೆಂಡತಿ, ನಾನು. ಮಗಳು ಹಾಸ್ಟೆಲಿನಲ್ಲಿದ್ದು ಓದುತ್ತಿದ್ದಾಳೆ. ಹಿಪ್ಪುನೇರಳೆ ತೋಟ, ರೇಷ್ಮೆ ಸಾಕುವ ಹುಳು ಮನೆ ಎರಡೂ ಪೂರ್ತಿ ಹೆಂಡತಿಯದೇ ಕಾರುಬಾರು. ಹುಳು ಮನೆಯ ಬಾಗಿಲಲ್ಲಿ ಔಷಧಿ ನೀರಿನಲ್ಲಿ ಕಾಲು ಅದ್ದದೆ ಯಾರನ್ನೂ ಒಳಗೆ ಬಿಡುತ್ತಿರಲಿಲ್ಲ. ನನ್ನನ್ನಂತೂ ಕಾಲು ಅದ್ದಿದರೂ ಬಿಡುತ್ತಿರಲಿಲ್ಲ. "ನೀವು ಅಲ್ಲೇ ನಿಂತ್ಕೊಳ್ರೀ. ನಿಮ್ ಕೈ ಸುಮ್ನಿರಲ್ಲ" ಎನ್ನುತ್ತಿದ್ದಳು. ಅವಳು ಚಿಂತಾಮಣಿ ಕಡೆಯವಳು, ತವರಿನ ಮಾತು ತೆಲುಗು. ಖುಷಿಯಾದರೆ, ಸಿಟ್ಟು ಬಂದರೆ ಈಗಲೂ ತೆಲುಗೇ ಬಾಯಿಗೆ ಬರುತ್ತದೆ.

ಮೂರು ವರ್ಷದ ಹಿಂದೆ ತವರಿಗೆ ಹೋಗುತ್ತಿದ್ದಾಗ ಬಸ್ಸಿನಲ್ಲಿ ಅವಳಿಗೆ ಎದೆ ಹಿಡಿದುಕೊಂಡಂತಾಯಿತು. ಉಸಿರು ಸಿಗದೆ, ಸತ್ತೇ ಹೋಗುತ್ತೇನೆ ಎಂದುಕೊಂಡು ಅರ್ಧ ದಾರಿಯಲ್ಲೇ ಇಳಿದುಬಿಟ್ಟಳು. ಇಸಿಜಿ ತೆಗೆಸಿದೆವು, ರಕ್ತ ಪರೀಕ್ಷೆ ಮಾಡಿಸಿದೆವು, ಎಲ್ಲಾ ಸರಿಯಾಗಿತ್ತು. ಒಬ್ಬರು ಗ್ಯಾಸ್ಟ್ರಿಕ್ ಎಂದರು, ಇನ್ನೊಬ್ಬರು ಸುಸ್ತು ಎಂದರು. ಅವಳು ಬಸ್ಸು ಹತ್ತುವುದನ್ನು ಬಿಟ್ಟಳು. ಆಮೇಲೆ ಅಂಗಡಿಗೆ ಹೋಗುವುದನ್ನು, ಆಮೇಲೆ ತೋಟಕ್ಕೆ ಹೋಗುವುದನ್ನು ಬಿಟ್ಟಳು. ಕೊನೆಗೆ ಹುಳು ಮನೆಗೂ ಬೀಗ ಬಿತ್ತು. ಬೆಳಗ್ಗೆ ಎದ್ದವಳು ಮಂಚದ ಮೇಲೆ ಗೋಡೆ ಕಡೆ ಮುಖ ಮಾಡಿ ಕೂತರೆ ಹನ್ನೊಂದಾದರೂ ಹಾಗೇ ಕೂತಿರುತ್ತಿದ್ದಳು. ಅಮ್ಮ ಗೌರಿಬಿದನೂರು ಕಡೆಯ ಯಾರೋ ಒಬ್ಬರ ಹತ್ತಿರ ಹೋಗಿ ತಾಯತ ಕಟ್ಟಿಸಿಕೊಂಡು ಬಂದಳು. ನಾನು ಬುದ್ಧಿ ಹೇಳಿದೆ. ಎರಡರಿಂದಲೂ ಏನೂ ಆಗಲಿಲ್ಲ.

ಕೊನೆಗೆ ಚಿಕ್ಕಬಳ್ಳಾಪುರದ ಒಂದು ಆಸ್ಪತ್ರೆಗೆ ಕರೆದುಕೊಂಡು ಹೋದೆ. ಡಾಕ್ಟರು ಮಾತ್ರೆ ಬರೆದುಕೊಟ್ಟು, ಪಕ್ಕದ ಕೋಣೆಯಲ್ಲಿದ್ದ ಕೌನ್ಸೆಲರ್ ಹತ್ತಿರ ಕಳಿಸಿದರು. ಮಗಳಿಗಿಂತ ಹತ್ತು ವರ್ಷ ದೊಡ್ಡವಳಿರಬಹುದಾದ ಹೆಣ್ಣುಮಗಳು. ಇವಳೇನು ಹೇಳಿಯಾಳು ಎಂದು ಮನಸ್ಸಿನಲ್ಲೇ ಅಂದುಕೊಂಡೆ. ಅವರು ನನ್ನ ಹೆಂಡತಿಯನ್ನು ಮಾತಾಡಿಸಿ, ಭಯ ಹೇಗೆ ಬರುತ್ತದೆ, ಹೆದರಿ ಒಂದೊಂದನ್ನೇ ಬಿಡುತ್ತಾ ಹೋದಂತೆ ಆ ಭಯ ಹೇಗೆ ಬೆಳೆಯುತ್ತದೆ ಎಂದು ನಿಧಾನವಾಗಿ ತಿಳಿಸಿದರು. ಒಂದು ನೋಟ್ ಪುಸ್ತಕದಲ್ಲಿ ಗೆರೆ ಎಳೆದು ಕಾಲಂ ಮಾಡಿಕೊಟ್ಟರು. ಏನಾಯಿತು, ಆಗ ಮನಸ್ಸಿಗೆ ಏನು ಬಂತು, ಸಂಕಟ ನೂರಕ್ಕೆ ಎಷ್ಟು, ಆ ಯೋಚನೆ ನಿಜ ಅನ್ನುವುದಕ್ಕೆ ಏನಿದೆ, ಅಲ್ಲ ಅನ್ನುವುದಕ್ಕೆ ಏನಿದೆ.

"ಮನಸ್ಸು ಯಾವ ಭಾಷೇಲಿ ಮಾತಾಡುತ್ತೋ ಅದೇ ಭಾಷೇಲಿ ಬರೀರಮ್ಮ. ಸರಿನೋ ತಪ್ಪೋ ನೋಡಕ್ಕೆ ಹೋಗ್ಬೇಡಿ. ಗುರುವಾರ ನಾವಿಬ್ರೂ ಕೂತ್ಕೊಂಡು ನೋಡಣ" ಎಂದರು.

ನಾವಿಬ್ರೂ ಎಂದರೆ ಅವರಿಬ್ಬರು. ಅಲ್ಲೇ ಕುರ್ಚಿಯಲ್ಲಿ ಕೂತಿದ್ದ ನನಗೆ ಅದು ಚೆನ್ನಾಗಿಯೇ ಕೇಳಿಸಿತ್ತು. ಆದರೆ ಗಂಡನೇನು ಹೊರಗಿನವನಲ್ಲವಲ್ಲ ಎಂದು ನನ್ನಷ್ಟಕ್ಕೆ ನಾನೇ ತೀರ್ಮಾನ ಮಾಡಿಕೊಂಡೆ. ನಿಜ ಹೇಳಬೇಕೆಂದರೆ ಆ ಪುಸ್ತಕ ನೋಡಿ ನನಗೆ ಖುಷಿಯಾಗಿತ್ತು. ಕಾಲಂ, ಗೆರೆ, ನೂರಕ್ಕೆ ಇಷ್ಟು ಎಂಬ ಅಂಕ. ಅಷ್ಟು ತಿಂಗಳು ಕೈಗೆ ಸಿಗದ ಕಾಯಿಲೆ ಕೊನೆಗೂ ನನಗೆ ಗೊತ್ತಿರುವ ರೂಪದಲ್ಲಿ ಎದುರಿಗೆ ಬಂದಿತ್ತು.

ಎರಡನೇ ದಿನವೇ ತೆಗೆದು ನೋಡಿದೆ. "ಸಾರಿಗೆ ಉಪ್ಪು ಜಾಸ್ತಿ ಆಯ್ತು. ನನ್ನಿಂದ ಒಂದು ಕೆಲಸಾನೂ ನೆಟ್ಟಗೆ ಆಗಲ್ಲ. ತೊಂಬತ್ತು" ಎಂದು ಬರೆದಿದ್ದಳು. ತೊಂಬತ್ತರ ಸುತ್ತ ಕೆಂಪು ಸುತ್ತು ಹಾಕಿ, ಪಕ್ಕದಲ್ಲಿ "ಉಪ್ಪಿಗೆ ತೊಂಬತ್ತೇ? ಮೂವತ್ತು ಸಾಕು" ಎಂದು ಬರೆದೆ. ಕೊನೆಯ ಕಾಲಂ ಖಾಲಿ ಬಿಟ್ಟಿದ್ದಳು. ಅವಳು ಮಾಡಿದ ಒಳ್ಳೆಯ ಕೆಲಸಗಳನ್ನೆಲ್ಲ ಒಂದು, ಎರಡು, ಮೂರು ಎಂದು ನಂಬರ್ ಹಾಕಿ ಅಲ್ಲಿ ನಾನೇ ತುಂಬಿಸಿದೆ. ಹೆಂಡತಿಯನ್ನು ಹೊಗಳಿ ಬರೆದಿದ್ದೇನೆ, ನೋಡಿ ಸಂತೋಷಪಡುತ್ತಾಳೆ ಎಂದುಕೊಂಡಿದ್ದೆ. ಅವಳು ನೋಡಿ ಪುಸ್ತಕ ಮುಚ್ಚಿದಳು.

"ಆ ಮೇಡಂ ಒಬ್ರೇ ನೋಡ್ತಾರೆ ಅಂದ್ಕೊಂಡಿದ್ದೆ" ಎಂದಳು.

"ನಾನು ನೋಡಿದ್ರೆ ಏನಾಗುತ್ತೆ ಕಣೇ? ನಿನ್ ಒಳ್ಳೇದಕ್ಕೇ ತಾನೇ" ಎಂದೆ.

ಒಂದು ವಾರ ಹೀಗೆ ನಡೆಯಿತು. ಆಮೇಲೆ ಅವಳೇ ಸಂಜೆ ನಾನು ಕಾಫಿ ಕುಡಿಯುವ ಹೊತ್ತಿಗೆ ಪುಸ್ತಕ ತಂದು ಮುಂದೆ ಇಟ್ಟು, "ಸರಿ ಇದ್ಯಾ ನೋಡ್ರೀ" ಎಂದು ನಿಂತುಕೊಳ್ಳತೊಡಗಿದಳು. ತಿದ್ದುವವರೆಗೂ ನಿಂತೇ ಇರುತ್ತಿದ್ದಳು, ಕೂತುಕೊಳ್ಳುತ್ತಿರಲಿಲ್ಲ. ನಾನು ರೈಟ್ ಹಾಕಿದರೆ ಒಳಗೆ ಹೋಗುತ್ತಿದ್ದಳು. ದಿನದಿಂದ ದಿನಕ್ಕೆ ಅಂಕ ಇಳಿಯುತ್ತಿತ್ತು: ಎಪ್ಪತ್ತು, ಐವತ್ತು, ನಲವತ್ತು. ನನ್ನ ಬೆನ್ನು ನಾನೇ ತಟ್ಟಿಕೊಂಡೆ. ನಾನು ಯಾವುದಕ್ಕೆ ರೈಟ್ ಹಾಕುತ್ತೇನೆ ಎಂದು ತಿಳಿದುಕೊಂಡು ಅದನ್ನೇ ಬರೆಯುತ್ತಿದ್ದಳು. ಮಕ್ಕಳು ಮಾಡುವುದೂ ಅದನ್ನೇ. ಇಪ್ಪತ್ತಾರು ವರ್ಷದ ಅನುಭವ ಇದ್ದವನಿಗೆ ಅದು ಹೊಳೆಯಲಿಲ್ಲ.

ಕೆಂಪು ಇಂಕಿನಿಂದ ತುಂಬಿದ ಪುಸ್ತಕವನ್ನು ಕೌನ್ಸೆಲರ್‌ಗೆ ತೋರಿಸಲು ನನಗೇ ಮುಜುಗರವಾಯಿತು. ಅದಕ್ಕೊಂದು ದಾರಿ ಕಂಡುಕೊಂಡೆ. ಶಾಲೆಯಲ್ಲಿ ಮಕ್ಕಳಿಗೆ ರಫ್ ಪುಸ್ತಕ ಬೇರೆ, ಫೇರ್ ಪುಸ್ತಕ ಬೇರೆ ಇರುತ್ತದೆ. ಇನ್‌ಸ್ಪೆಕ್ಷನ್‌ಗೆ ಬಂದವರಿಗೆ ತೋರಿಸುವುದು ಫೇರ್ ಪುಸ್ತಕವನ್ನೇ. ಹೊಸ ಪುಸ್ತಕ ತಂದು ಬೈಂಡ್ ಹಾಕಿ ಕೊಟ್ಟೆ. ಬುಧವಾರ ಸಂಜೆ ಅವಳು ಅಡುಗೆಮನೆ ಪಕ್ಕದ ಮೇಜಿನ ಮೇಲೆ, ತಿದ್ದಿದ್ದನ್ನೆಲ್ಲ ಅಂದವಾದ ಅಕ್ಷರದಲ್ಲಿ ನಕಲು ಮಾಡುತ್ತಿದ್ದಳು. ಗುರುವಾರ ಆ ಪುಸ್ತಕ ಚಿಕ್ಕಬಳ್ಳಾಪುರಕ್ಕೆ ಹೋಗುತ್ತಿತ್ತು.

ಹೀಗಿರುವಾಗ ಒಂದು ಬುಧವಾರ ರಫ್ ಪುಸ್ತಕದಲ್ಲಿ, ಕನ್ನಡ ಅಕ್ಷರದಲ್ಲಿ ಬರೆದ ಒಂದು ತೆಲುಗು ಸಾಲು ಕಂಡಿತು. "ನೇನೆಂದುಕು ಉಂಡಾಲಿ." ನಾನ್ಯಾಕೆ ಇರಬೇಕು ಎಂದು ಅರ್ಥ. ಏನಾಯಿತು ಎಂಬ ಕಾಲಂನಲ್ಲಿ ಏನೂ ಇರಲಿಲ್ಲ. ಸಂಕಟ ಎಷ್ಟು ಎಂಬಲ್ಲಿ ಸೊನ್ನೆ ಹಾಕಿದ್ದಳು.

ಆ ಸಾಲು ನನಗೆ ಅರ್ಥವಾಗಲಿಲ್ಲ ಎಂದು ಹೇಳಿದರೆ ಅದು ಹಸಿ ಸುಳ್ಳು. ಆದರೂ ನಾನು ಮಾಡಿದ್ದೇನು? ಅದು ಪರೀಕ್ಷೆಯ ಪ್ರಶ್ನೆಯೇನೋ ಎಂಬಂತೆ ಕೆಳಗೆ ಉತ್ತರ ಬರೆದೆ: ಒಂದು, ಮಗಳಿಗೋಸ್ಕರ. ಎರಡು, ನನಗೋಸ್ಕರ. ಮೂರು, ಅಮ್ಮನಿಗೋಸ್ಕರ. ಆಮೇಲೆ ಅವಳನ್ನು ಕರೆದು, ಈ ಸಾಲನ್ನು ಫೇರ್ ಪುಸ್ತಕಕ್ಕೆ ಹಾಕಬೇಡ ಎಂದೆ.

"ಮನಸ್ಸಿಗೆ ಬಂದಿದ್ದೆಲ್ಲಾ ಬರೀರಿ ಅಂದಿದಾರಲ್ರೀ" ಎಂದಳು.

"ಇದನ್ನ ನೋಡಿದ್ರೆ ಅಡ್ಮಿಟ್ ಮಾಡ್ಕೋತಾರೆ. ಊರಲ್ಲಿ ಏನಂದ್ಕೋತಾರೆ? ನಾಳೆ ಮಗಳಿಗೆ ಗಂಡು ನೋಡ್ಬೇಕು. ಸುಮ್ನೆ ಬಿಟ್ಬಿಡು."

ಅವಳು ಮೇಜಿನ ಮುಂದೆ ಕೂತು ಆ ಸಾಲು ಬಿಟ್ಟು ಉಳಿದದ್ದನ್ನೆಲ್ಲ ಬರೆದಳು. ಅಕ್ಷರ ಎಂದಿನಂತೆ ಮುದ್ದಾಗಿಯೇ ಇತ್ತು.

ಮರುದಿನ ಕೌನ್ಸೆಲರ್ ಪುಸ್ತಕ ತಿರುವಿ, "ಅಮ್ಮ, ಇಷ್ಟು ಬೇಗ ಇಪ್ಪತ್ತಕ್ಕೆ ಇಳೀತಾ?" ಎಂದು ಅವಳ ಮುಖ ನೋಡಿದರು. ಅವರಿಗೆ ಏನೋ ಅನುಮಾನ ಬಂದಿತ್ತು ಎಂದು ಈಗ ಅನ್ನಿಸುತ್ತದೆ. "ಸಾಯಬೇಕು ಅನ್ನೋ ತರ ಯೋಚನೆ ಏನಾದ್ರೂ ಬರುತ್ತಾ?" ಎಂದು ನೇರವಾಗಿಯೇ ಕೇಳಿದರು. ಹೆಂಡತಿ ನನ್ನ ಕಡೆ ತಿರುಗಿದಳು. "ಅಂಥದ್ದೇನಿಲ್ಲ ಮೇಡಂ, ಈಗ ಎಷ್ಟೋ ವಾಸಿ" ಎಂದು ನಾನೇ ಹೇಳಿದೆ. ಅವಳು ಹೌದೆಂಬಂತೆ ತಲೆಯಾಡಿಸಿದಳು. ಕೌನ್ಸೆಲರ್, ಇನ್ನು ಮೇಲೆ ತಿಂಗಳಿಗೊಮ್ಮೆ ಬಂದರೆ ಸಾಕಾಗಬಹುದೇನೋ, ಮುಂದಿನ ಗುರುವಾರ ಅವರೊಬ್ಬರನ್ನೇ ಮಾತಾಡಿಸಿ ತೀರ್ಮಾನ ಮಾಡೋಣ ಎಂದರು. ನಾನು ತಿಂಗಳಿಗೊಮ್ಮೆ ಎಂಬುದನ್ನಷ್ಟೇ ಕಿವಿಗೆ ಹಾಕಿಕೊಂಡು ಹೊರಟೆ. ಮುಂದಿನ ಗುರುವಾರ ಕರೆದುಕೊಂಡು ಹೋಗಲಿಲ್ಲ.

ಹದಿನೆಂಟು ದಿನ ಕಳೆದ ಮೇಲೆ ಒಂದು ಮಧ್ಯಾಹ್ನ ನಾನು ಪರೀಕ್ಷಾ ಕೊಠಡಿಯಲ್ಲಿದ್ದಾಗ ಅಮ್ಮ ಫೋನ್ ಮಾಡಿದಳು. ಮಾತು ಹೊರಡದೆ ಬರೀ ಅಳುತ್ತಿದ್ದಳು. ನನ್ನ ಹೆಂಡತಿ ಏನು ಮಾಡಿಕೊಂಡಿದ್ದಳು ಎಂಬುದನ್ನು ನಾನು ಬರೆಯುವುದಿಲ್ಲ. ಎಷ್ಟೋ ದಿನದಿಂದ ಬೀಗ ಹಾಕಿದ್ದ ಹುಳು ಮನೆಯ ಬಾಗಿಲು ತೆರೆದಿದ್ದನ್ನು ನೋಡಿ, ಸೊಸೆ ಮತ್ತೆ ಕೆಲಸಕ್ಕೆ ಕೈ ಹಾಕಿದಳೇನೋ ಎಂಬ ಸಂತೋಷದಲ್ಲಿ ಅಮ್ಮ ಒಳಗೆ ಹೋಗಿದ್ದಳಂತೆ. ಹೋಗಿದ್ದಕ್ಕೆ ಜೀವ ಉಳಿಯಿತು. ನಾಲ್ಕು ದಿನ ಹೆಂಡತಿ ತೀವ್ರ ನಿಗಾ ಘಟಕದಲ್ಲಿದ್ದಳು. ಕಣ್ಣು ಬಿಟ್ಟಾಗ ನನ್ನನ್ನು ನೋಡಿ ಅವಳು ಆಡಿದ ಮೊದಲ ಮಾತು, "ತಪ್ಪಾಯ್ತು ರೀ." ಆ ಮಾತು ಕೇಳುವುದಕ್ಕಿಂತ ಅವಳು ಎರಡೇಟು ಹಾಕಿದ್ದರೆ ಚೆನ್ನಾಗಿರುತ್ತಿತ್ತು. ವಾರ್ಡಿನ ಹೊರಗಿನ ಮೆಟ್ಟಿಲ ಮೇಲೆ ಕೂತು ಜನ ನೋಡುತ್ತಿದ್ದಾರೆಂಬ ಪರಿವೆಯೇ ಇಲ್ಲದೆ ಅತ್ತೆ.

ಅಮ್ಮನಿಗೆ ಪುಸ್ತಕದ ವಿಷಯವೆಲ್ಲಾ ಹೇಳಿದೆ. ಓದುಬರಹ ಬಾರದವಳು, ಅರ್ಥವಾಗಲಾರದು ಎಂದುಕೊಂಡಿದ್ದೆ. ಹುಳು ಪೊರೆ ಬಿಡುವಾಗ ಸೊಪ್ಪು ತಿನ್ನದೆ ಅಲ್ಲಾಡದೆ ಮಲಗುತ್ತದೆ. ನಮ್ಮ ಕಡೆ ಅದಕ್ಕೆ ಜ್ವರಕ್ಕೆ ಕೂತಿದೆ ಎನ್ನುತ್ತಾರೆ. ಅಮ್ಮ ಅದನ್ನೇ ಎತ್ತಿದಳು. "ಜ್ವರಕ್ಕೆ ಕೂತಿರೋ ಹುಳಾನ ಯಾರಾದ್ರೂ ಕೆದಕ್ತಾರೇನಪ್ಪಾ? ಹುಟ್ಟಿದಾಗಿಂದ ಇದೇ ಮನೇಲಿ ಬೆಳೆದಿದೀಯಾ, ಅಷ್ಟೂ ಗೊತ್ತಿಲ್ವಾ?" ಎಂದಳು. ಆ ದಿನ ನನಗೆ ಊಟ ಬಡಿಸಿ ಹೋದಳೇ ಹೊರತು ಎದುರಿಗೆ ಕೂರಲಿಲ್ಲ.

ರಫ್ ಪುಸ್ತಕವನ್ನು ನಾನೇ ತೆಗೆದುಕೊಂಡು ಹೋಗಿ ಕೌನ್ಸೆಲರ್ ಮುಂದೆ ಇಟ್ಟೆ. ಒಂದೊಂದೇ ಹಾಳೆ ತಿರುವಿದರು. ತೆಲುಗು ಸಾಲು ಬಂದಾಗ ಅವರ ಕೈ ನಿಂತಿತು. ಕೆಳಗಿದ್ದ ನನ್ನ ಮೂರು ಉತ್ತರಗಳನ್ನೂ ಓದಿದರು. ಉಗಿಯುತ್ತಾರೆ ಎಂದು ಕಾದೆ, ಉಗಿಸಿಕೊಂಡರೆ ಹಗುರಾಗುತ್ತದೆ ಎಂಬ ಆಸೆಯೂ ಇತ್ತು. ಅವರು ತಲೆಯೆತ್ತಿದಾಗ ಕಣ್ಣು ಒದ್ದೆಯಾಗಿತ್ತು.

"ಅವತ್ತು ನಾನು ನಿಮ್ಮನ್ನ ಹೊರಗೆ ಕೂರಿಸ್ಬೇಕಿತ್ತು ಸರ್. ಅದು ನನ್ ತಪ್ಪು" ಎಂದರು. "ಈ ಸಾಲು ಕಂಡ ದಿನ ಅವರನ್ನ ಇಲ್ಲಿಗೆ ಕರ್ಕೊಂಡು ಬರ್ಬೇಕಿತ್ತು. ಉತ್ತರ ಬರೆಯೋದಲ್ಲ."

"ಈಗ ನಾನೇನು ಮಾಡ್ಲಿ ಮೇಡಂ?"

ಸ್ವಲ್ಪ ದಿನ ಅವರನ್ನು ಒಬ್ಬರನ್ನೇ ಬಿಡಬೇಡಿ, ಮಾತ್ರೆ, ಔಷಧಿ, ಸ್ಪ್ರೇ ಡಬ್ಬ ಎಲ್ಲಾ ಬೀಗ ಹಾಕಿಡಿ, ಮತ್ತೆ ಅಂಥ ಮಾತು ಕಿವಿಗೆ ಬಿದ್ದರೆ ಆಗಲೇ ಫೋನ್ ಮಾಡಿ ಎಂದು ಹೇಳಿದರು. ಆಮೇಲೆ, "ಪುಸ್ತಕ ನೋಡ್ಬೇಡಿ. ಇಲ್ಲಿ ಏನ್ ಮಾತಾಡಿದ್ರಿ ಅಂತ ಕೇಳ್ಬೇಡಿ. ಅವರೇ ಹೇಳಿದ್ರೆ ಕೇಳಿಸ್ಕೊಳ್ಳಿ, ಅಷ್ಟೇ" ಎಂದರು.

ಎರಡು ವರ್ಷ ಹಾಗೆಯೇ ನಡೆದುಕೊಂಡಿದ್ದೇನೆ. ಮೊದಮೊದಲು ನಾಲಿಗೆ ಕಚ್ಚಿಕೊಂಡು ಕೂರಬೇಕಾಗುತ್ತಿತ್ತು. ಅವಳಿಗೆ ಪೂರ್ತಿ ವಾಸಿಯಾಗಿಲ್ಲ. ಮಾತ್ರೆ ನಡೆಯುತ್ತಿದೆ. ತಿಂಗಳಲ್ಲಿ ಮೂರು ನಾಲ್ಕು ದಿನ ಈಗಲೂ ಗೋಡೆ ಕಡೆ ತಿರುಗಿ ಕೂರುತ್ತಾಳೆ. ಆದರೆ ಬಸ್ಸಿನ ಭಯವನ್ನು ಕೌನ್ಸೆಲರ್ ಮೆಟ್ಟಿಲು ಮೆಟ್ಟಿಲಾಗಿ ಬಿಡಿಸಿದ್ದಾರೆ. ಮೊದಲು ನಿಂತ ಬಸ್ಸನ್ನು ಹತ್ತಿ ಇಳಿಯುವುದು, ಆಮೇಲೆ ಒಂದು ಸ್ಟಾಪು, ಆಮೇಲೆ ಎರಡು, ಎದೆ ಹೊಡೆದುಕೊಂಡರೂ ಇಳಿಯದೆ ಕೂರುವುದು. ಈಗ ಗುರುವಾರ ಒಬ್ಬಳೇ ಚಿಕ್ಕಬಳ್ಳಾಪುರಕ್ಕೆ ಹೋಗಿ ಬರುತ್ತಾಳೆ. ಒಮ್ಮೆ ಅಲ್ಲಿಂದ ಪೆರೇಸಂದ್ರಕ್ಕೆ ಹೋಗಿ ಗೆಳತಿಯನ್ನೂ ನೋಡಿಕೊಂಡು ಬಂದಳು. ಸಂಜೆ ಶಿಡ್ಲಘಟ್ಟದ ಬಸ್ ಸ್ಟ್ಯಾಂಡಿನಲ್ಲಿ ಸ್ಕೂಟರ್ ನಿಲ್ಲಿಸಿಕೊಂಡು ಕಾಯುವುದು ನನ್ನ ಕೆಲಸ. ಆ ಒಂದು ಕೆಲಸವಾದರೂ ನನ್ನ ಪಾಲಿಗೆ ಉಳಿಯಿತಲ್ಲ ಎಂದು ಹೊತ್ತಿಗೆ ಮುಂಚೆಯೇ ಹೋಗಿ ನಿಲ್ಲುತ್ತಿದ್ದೆ.

ಹೋದ ತಿಂಗಳು ಒಂದು ಗುರುವಾರ ಬಸ್ಸು ಬಂತು. ಇನ್ನೊಬ್ಬ ಹೆಂಗಸಿನ ಜೊತೆ ಅವಳು ಇಳಿದಳು. ಇಬ್ಬರೂ ತೆಲುಗಿನಲ್ಲಿ ಏನೋ ಹೇಳಿಕೊಂಡು ನಗುತ್ತಿದ್ದರು. ಅವಳು ಒಂದು ಕೈಯಲ್ಲಿ ಬಸ್ಸಿನ ಕಂಬಿ ಹಿಡಿದು, ಇನ್ನೊಂದು ಕೈಯನ್ನು ಗಾಳಿಯಲ್ಲಿ ಆಡಿಸುತ್ತಾ, ನಗು ತಡೆಯಲಾರದೆ ಬಗ್ಗಿ ಬಗ್ಗಿ ನಗುತ್ತಿದ್ದಳು. ಮದುವೆಯಾದ ಹೊಸತರಲ್ಲಿ ಕೇಳಿದ್ದ ನಗು. ಟೀ ಅಂಗಡಿಯ ಪಕ್ಕದಿಂದ ಎರಡು ಹೆಜ್ಜೆ ಮುಂದೆ ಬಂದೆ. ಅವಳು ನನ್ನನ್ನು ಕಂಡಳು.

ನಗು ನಿಂತಿತು. ಸೆರಗಿನಿಂದ ಬಾಯಿ ಒರೆಸಿಕೊಂಡು, ಬ್ಯಾಗನ್ನು ಎದೆಗೆ ಅವಚಿಕೊಂಡು ಬಂದು ನನ್ನ ಮುಂದೆ ನೆಟ್ಟಗೆ ನಿಂತಳು. ನಾನು ಏನನ್ನೂ ಕೇಳಿರಲಿಲ್ಲ. "ಇವತ್ತು ಚೆನ್ನಾಗಿತ್ತು ರೀ. ಬಸ್ನಲ್ಲಿ ಏನೂ ಆಗ್ಲಿಲ್ಲ. ಮೇಡಂ ಕೂಡ ಚೆನ್ನಾಗಿದೀರಿ ಅಂದ್ರು" ಎಂದು ಒಪ್ಪಿಸಿದಳು. ಆ ಹೆಂಗಸು ನಮ್ಮಿಬ್ಬರನ್ನೂ ಒಮ್ಮೆ ನೋಡಿ ತನ್ನ ದಾರಿ ಹಿಡಿದಳು. ನಾನು ಸ್ಕೂಟರ್ ಸ್ಟಾರ್ಟ್ ಮಾಡಿದೆ, ಹೆಂಡತಿ ಹಿಂದೆ ಕೂತಳು.

ಮುಂದಿನ ಗುರುವಾರ ಫೋನ್ ಮಾಡಿ, "ಸ್ಕೂಟರ್ ಗ್ಯಾರೇಜಿಗೆ ಬಿಟ್ಟಿದೀನಿ ಕಣೇ. ಆಟೋದಲ್ಲಿ ಬಂದ್ಬಿಡ್ತೀಯಾ?" ಎಂದೆ.

"ಹ್ಞೂಂ, ಬರ್ತೀನಿ ಬಿಡಿ" ಎಂದಳು. ಗಾಡಿಗೆ ಏನಾಗಿದೆ ಎಂದು ಕೇಳಲಿಲ್ಲ.

ಸ್ಕೂಟರನ್ನು ತಳ್ಳಿಕೊಂಡು ಹೋಗಿ ಕಾಣದ ಹಾಗೆ ಹಿತ್ತಲಲ್ಲಿ ನಿಲ್ಲಿಸಿದೆ. ಆರು ಗಂಟೆಯ ಹೊತ್ತಿಗೆ ಬೀದಿಯಲ್ಲಿ ಆಟೋ ನಿಂತ ಸದ್ದಾಯಿತು. ಅದರಲ್ಲಿದ್ದ ಯಾರೊಂದಿಗೋ ಅವಳು ಇನ್ನೂ ಏನೋ ಹೇಳುತ್ತಿದ್ದಳು, ಮಧ್ಯೆ ಮಧ್ಯೆ ನಗುತ್ತಿದ್ದಳು. ಅವಳು ಬಾಗಿಲಿಗೆ ಬರುವಷ್ಟರಲ್ಲಿ ನಾನು ಚಪ್ಪಲಿ ಮೆಟ್ಟಿಕೊಂಡು ಹಿಂದಿನ ಬಾಗಿಲಿನಿಂದ ತೋಟದ ಕಡೆ ಹೋದೆ.