ಮೂರನೇ ತೂತಿನ ಮೇಣ

ನಮ್ಮ ಬೀದಿಯ ಕೊಳಲು ಮಾಡುವವನಿಗೆ ಜಂಭ ಎಷ್ಟಿತ್ತೆಂದರೆ, ಅಂಗಡಿಯಲ್ಲಿ ಮಣೆಯ ಮೇಲೆ ಅವನು, ಮಿಕ್ಕ ಜಾಗದಲ್ಲೆಲ್ಲ ಅವನ ಜಂಭ. ನಾನು ಹೊಸ್ತಿಲ ಮೇಲೆ ಕೂತೇ ಮೂವತ್ತು ವರ್ಷ ಅವನ ತಲೆ ತಿಂದೆ. ಬಿದಿರನ್ನು ಮೂಸಿ ಅದರ ಮುತ್ತಜ್ಜಿಯ ವಯಸ್ಸು ಹೇಳುತ್ತಿದ್ದ. ಕಾದ ಸರಳಿನಿಂದ ತಾನು ಕೊರೆದ ತೂತು ತಪ್ಪಬೇಕಾದರೆ ಸೂರ್ಯ ಪಡುವಣದಲ್ಲಿ ಹುಟ್ಟಬೇಕು ಎಂಬುದು ಅವನದೇ ಹೇಳಿಕೆ.

ಕಾರಣವೂ ಇತ್ತು. ದೇಶವೆಲ್ಲ ಕೊಂಡಾಡಿದ ಕೊಳಲು ವಿದ್ವಾಂಸರು ಕೊನೆಯವರೆಗೂ ನುಡಿಸಿದ್ದು ಇವನು ಮಾಡಿಕೊಟ್ಟ ಒಂದೇ ಕೊಳಲನ್ನು. ಕಂಡಾಗಲೆಲ್ಲ ಅವರು, "ನಿನ್ನ ಕೈಗೆ ತಪ್ಪು ಅನ್ನೋದೇ ಗೊತ್ತಿಲ್ಲ ಕಣಯ್ಯಾ" ಎನ್ನುತ್ತಿದ್ದರು. ಆ ಒಂದು ಮಾತಿಗೆ ಇವನಿಗೆ ವಾರಗಟ್ಟಲೆ ಹಸಿವೆಯೇ ಆಗುತ್ತಿರಲಿಲ್ಲ.

ವಿದ್ವಾಂಸರು ತೀರಿಕೊಂಡು ತಿಂಗಳಾದ ಮೇಲೆ ಅವರ ಹೆಂಡತಿ ಮಗಳ ಜೊತೆ ಆ ಕೊಳಲನ್ನು ತಂದರು.

"ಅಣ್ಣಾ, ನಾಳೆ ಅವರ ನೆನಪಿನ ಸಭೆ. ಇವಳು ಇದನ್ನೇ ನುಡಿಸ್ತಾಳೆ. ಕಣ್ಣು ಮುಚ್ಕೊಂಡು ಇನ್ನೊಂದೇ ಒಂದ್ಸಲ ಅವರನ್ನ ಕೇಳ್ಬೇಕು ನಾನು. ಸ್ವಲ್ಪ ಎಣ್ಣೆ ಹಚ್ಚಿಕೊಡಿ."

"ಸಂಜೆ ಬನ್ನಿ ತಾಯಿ, ಹೊಸದರ ಹಾಗೆ ಮಾಡಿಟ್ಟಿರ್ತೀನಿ."

ಒರೆಸುವಾಗ ಮೂರನೇ ತೂತಿನ ಒಳ ಅಂಚಿನಲ್ಲಿ ಕಪ್ಪಗೆ ಏನೋ ಅಂಟಿತ್ತು. ಚಾಕುವಿನ ಮೊನೆಯಿಂದ ಕೆರೆದು ಊದಿಬಿಟ್ಟ.

"ಥೂ, ಇಷ್ಟು ಕೊಳೆ ಇಟ್ಕೊಂಡು ನುಡಿಸ್ತಿದ್ರಲ್ಲ!"

"ಕೊಳೆ ಅಲ್ಲವೋ, ಕೇಳಿದವರ ಕಣ್ಣೀರು ಹೆಪ್ಪುಗಟ್ಟಿರೋದು" ಎಂದೆ. ಇಬ್ಬರೂ ನಕ್ಕೆವು.

ಸಂಜೆ ಮಗಳು ಊದಿದಳು. ಮೂರನೇ ತೂತಿಗೆ ಬಂದಾಗ ಸ್ವರ ಒಂದೆಳೆ ಮೇಲೇರಿತು. ನಿಲ್ಲಿಸಿದಳು.

"ಮಾವ, ಇಲ್ಲಿದ್ದ ಮೇಣ?"

"ಯಾವ ಮೇಣ?"

ಅವಳು ಅಮ್ಮನ ಮುಖ ನೋಡಿದಳು. "ಅಪ್ಪ ಹಾಕಿದ್ದು. ಈ ತೂತು ಒಂಚೂರು ಮೇಲೆ ಬಿದ್ದಿತ್ತಂತೆ. ನಿಮಗೆ ಹೇಳಲೇಬಾರ್ದು ಅಂದಿದ್ರು, ನೊಂದ್ಕೋತೀರಿ ಅಂತ."

"ಎಷ್ಟು ವರ್ಷದಿಂದ?"

"ನಾನು ಹುಟ್ಟೋಕೆ ಮುಂಚೆಯಿಂದ."

ಅವನು ಜೇನುಮೇಣವನ್ನು ಬೆಚ್ಚಗೆ ಮಾಡಿ ಹಚ್ಚಿದ, ಕೆರೆದ, ಮತ್ತೆ ಹಚ್ಚಿದ. ಪ್ರತಿ ಸಲವೂ ಮಗಳು ಊದಿ ನೋಡುತ್ತಿದ್ದಳು. ಹತ್ತೋ ಹನ್ನೆರಡೋ ಸಲವಾದ ಮೇಲೆ ಸ್ವರ ಕೂತಿತು. ಗೋಡೆಗಿಂತ ಮಂದವಾದ ನನ್ನ ಕಿವಿಗೂ ಅದು ಗೊತ್ತಾಯಿತು.

ವಿದ್ವಾಂಸರ ಹೆಂಡತಿ ಕಣ್ಣು ಮುಚ್ಚಿ ಕೇಳಿದರು. ಬಹಳ ಹೊತ್ತು ತೆರೆಯಲಿಲ್ಲ.

"ಸರಿಯಾಗಿದೆ ಅಣ್ಣಾ. ಆದ್ರೆ ಅವರು ಇಷ್ಟು ಸರಿಯಾಗಿ ಇಡ್ತಿರ್ಲಿಲ್ಲ. ಕೂದಲೆಳೆಯಷ್ಟು ಕೆಳಗಿರ್ತಿತ್ತು."

"ಎಷ್ಟು ಕೆಳಗೆ ತಾಯಿ? ಹೇಳಿ, ಮಾಡ್ತೀನಿ."

"ಅದು ಅವರ ಬೆರಳಿಗೆ ಮಾತ್ರ ಗೊತ್ತಿತ್ತು."

ಕೊಳಲನ್ನು ಬಟ್ಟೆಯಲ್ಲಿ ಸುತ್ತಿಕೊಂಡು ಹೊರಟುಹೋದರು. ಮರುದಿನ ಸಭೆಯಲ್ಲಿ ಮಗಳು ತನ್ನ ಕೊಳಲನ್ನೇ ನುಡಿಸಿದಳು. ಅಮ್ಮ ಇಡೀ ಹೊತ್ತು ಕಣ್ಣು ತೆರೆದೇ ಕೂತಿದ್ದರು.

ಅವನು ಈಗಲೂ ಕೊಳಲು ಮಾಡುತ್ತಾನೆ. ಕೊಳ್ಳಲು ಬಂದವರು ಊದಿ ನೋಡಿದ ಮೇಲೆ, "ಯಾವ ತೂತು ತಪ್ಪಿದೆ, ದಾಕ್ಷಿಣ್ಯ ಬೇಡ, ಹೇಳಿ" ಎಂದು ಗೋಗರೆಯುತ್ತಾನೆ. ಅವರು ಗಾಬರಿಯಾಗಿ, "ಏನೂ ತಪ್ಪಿಲ್ಲ ಅಣ್ಣಾ, ಬಹಳ ಚೆನ್ನಾಗಿದೆ" ಎನ್ನುತ್ತಾರೆ. ಹಾಗೆಂದವರ ಕೈಯಿಂದ ಕೊಳಲನ್ನು ವಾಪಸು ತೆಗೆದುಕೊಂಡು, ಮಾರುವುದಿಲ್ಲ ಎನ್ನುತ್ತಾನೆ.