ಹಲಗೆಯ ಹತ್ತನೆಯ ಸಾಲು

ಸಾಗರದ ವಾಚನಾಲಯದ ಅಟೆಂಡರು ದಿನವೂ ಬಾಗಿಲ ಪಕ್ಕದ ಕಪ್ಪುಹಲಗೆಯ ಮೇಲೆ ಒಬ್ಬ ಮಹನೀಯರ ಚರಿತ್ರೆ ಬರೆಯುತ್ತಿದ್ದರು. "ಎಂಥಾ ದೊಡ್ಡೋರಿಗೂ ಹತ್ತು ಸಾಲು ಸಾಕು ಮಾರಾಯ್ರೆ" ಎನ್ನುತ್ತಿದ್ದರು. ಹತ್ತನೆಯ ಸಾಲು ಮಾತ್ರ ಎಲ್ಲರಿಗೂ ಒಂದೇ: 'ಇವರೂ ಹುಟ್ಟಿದ ಊರು ಬಿಟ್ಟವರು.'

ಲಿಂಗನಮಕ್ಕಿಯ ಹಿನ್ನೀರು ಏರಿದ ವರ್ಷಗಳು ಅವು. ಊರು ಮುಳುಗಿದವರು ಬದಲಿ ಜಮೀನಿಗಾಗಿ ಪಕ್ಕದ ಸರ್ಕಾರಿ ಕಚೇರಿಗೆ ಬಂದು, ಸಾಹೇಬರು ಸಿಗದೆ, ಆ ಹಲಗೆಯ ಮುಂದೆ ನಿಂತಿರುತ್ತಿದ್ದರು. ನಾನದನ್ನು ಗಮನಿಸಿರಲಿಲ್ಲ ಎಂದು ಈಗ ನೆನಪಿಸಿಕೊಳ್ಳುವುದು ನನಗೆ ಅನುಕೂಲ.

ಮೈಸೂರಿನಲ್ಲಿ ಎಂ.ಎ. ಮುಗಿಸಿ ಬಂದ ಹೊಸತು. ಆ ದಿನ ಹಲಗೆಯ ಮೇಲೆ ಒಬ್ಬ ಜರ್ಮನ್ ತತ್ವಜ್ಞಾನಿ. "ಇವರು ಹುಟ್ಟಿದೂರಲ್ಲೇ ಬಾಳಿ ಸತ್ತೋರು. ಯಾವ ಪುಸ್ತಕ ನೋಡಿ ಬರೆದ್ರಿ?" ಎಂದು ನಾಲ್ಕು ಜನಕ್ಕೆ ಕೇಳಿಸುವಂತೆ ಕೇಳಿದೆ. ಯಾರೋ ನಕ್ಕರು.

"ಓದಿದೋರು ನೀವು. ಹೇಳಿದ್ಮೇಲೆ ಸರೀನೇ" ಎಂದು ಅಟೆಂಡರು ಅಂಗೈಯಿಂದಲೇ ಆ ಸಾಲನ್ನು ಒರೆಸಿದರು. ಮರುದಿನದಿಂದ ಯಾರ ಚರಿತ್ರೆಗೂ ಅದನ್ನು ಬರೆಯಲಿಲ್ಲ.

ವಾರದ ಬಳಿಕ, ಅಕ್ಷರ ಬಾರದ ಮುಳುಗಡೆಯ ಮುದುಕರೊಬ್ಬರು ನನ್ನನ್ನು ಕರೆದರು. "ತಮಾ, ಇವತ್ತಿನೋರು ಯಾರಂತೆ? ಚೂರು ಓದಿ ಹೇಳು."

ಅಂದು ಒಬ್ಬ ವಿಜ್ಞಾನಿಯ ಚರಿತ್ರೆಯಿತ್ತು. ಒಂಬತ್ತೂ ಸಾಲು ಓದಿದೆ. ಹಿಂದೆಲ್ಲ ಯಾರಿಂದಲೋ ಓದಿಸಿ ಕೇಳಿದ್ದ ಮುದುಕರು ಹತ್ತನೆಯದಕ್ಕಾಗಿ ಕಾದರು.

"ಹಂಗಾರೆ ಇವ್ರು ಊರಲ್ಲೇ ಉಳ್ಕಂಡ್ರಾ? ಪುಣ್ಯವಂತ್ರು ಬಿಡು" ಎಂದರು.

ಆ ವಿಜ್ಞಾನಿ ದೇಶವನ್ನೇ ಬಿಟ್ಟು ಕಡಲಾಚೆ ಸತ್ತವರು. ಅದು ನನಗೆ ಗೊತ್ತಿತ್ತು. ಆದರೆ ಒಳಗೆ ಪತ್ರಿಕೆ ಮಡಚುತ್ತಿದ್ದ ಅಟೆಂಡರ ಕೈ ನಿಂತಿತ್ತು, ಅವರು ಕೇಳಿಸಿಕೊಳ್ಳುತ್ತಿದ್ದರು.

"ಹೌದಜ್ಜ, ಊರಲ್ಲೇ ಉಳಿದ್ರು" ಎಂದೆ.